ಆಚಾರ್ಯ ಇಪ್ಪತ್ತೇಳರ ಪ್ರವರ

ಮೊದಲು ವಂದನೆ. ಬೆಳಗಿನ ಸ್ನಾನಕ್ಕೆ ಒದಗಿದ ತುಂಗೆಯ ನೀರಿಗೆ, ಈ ವಯಸ್ಸಿನಲ್ಲಿಯೂ ನಡುಗದೆ ಲೇಖನಿ ಹಿಡಿಯುವ ಬೆರಳುಗಳಿಗೆ, ನಾಲಗೆಯ ಮೇಲೆ ಅಕ್ಷರವನ್ನಿಟ್ಟ ವಾಗ್ದೇವಿಗೆ, ಆ ಅಕ್ಷರವನ್ನು ಬೈದು ತಿದ್ದಿದ ಗುರುಗಳಿಗೆ, ವಾರವಾರವೂ ಈ ಮುದುಕನ ಮಾತನ್ನು ಕಾಫಿಯೊಡನೆ ಸಹಿಸಿಕೊಳ್ಳುವ ನಿಮಗೆ ನಮಸ್ಕಾರ. ಇವರಲ್ಲಿ ಒಬ್ಬರ ಕೃಪೆ ತಪ್ಪಿದ್ದರೂ ಈ ವಾರದ ಬರಹ ಇರುತ್ತಿರಲಿಲ್ಲ.

ಇನ್ನು ವಿಷಯ.

ಮೂರು ವಾರಗಳ ಹಿಂದಿನ ಗುರುವಾರ ಭದ್ರಾವತಿಯ ಒಂದು ಮನೆಯಲ್ಲಿ ತೊಂಬತ್ತು ದಾಟಿದ ಹಿರಿಯರೊಬ್ಬರು ನನ್ನನ್ನು ಕೇಳಿದರು: "ಯಾರಪ್ಪಾ ನೀನು?"

ಸುಲಭದ ಪ್ರಶ್ನೆ. ಅದರ ಉತ್ತರ ನನಗೆ ಎಪ್ಪತ್ತೊಂದು ವರ್ಷಗಳಿಂದ ಗೊತ್ತು. ಆದರೆ ಹೇಳಲು ಅನುಮತಿ ಇರಲಿಲ್ಲ.

ಹೀಗೂ ಉಂಟೇ ಎಂದಿರಾ? ಸಾವಧಾನದಿಂದ ಕೇಳಬೇಕು. ಕಥೆ ನಮ್ಮ ಮನೆಯ ಟಿ.ವಿ.ಯಿಂದ ಆರಂಭವಾಗುತ್ತದೆ.

ಸಂಜೆ ದೇವರಿಗೆ ದೀಪ ಹಚ್ಚಿದ ಮೇಲೆ ನಮ್ಮಲ್ಲಿ ರಿಮೋಟು ಸಾವಿತ್ರಿಯದು. (ಸಾವಿತ್ರಿ ನನ್ನ ಧರ್ಮಪತ್ನಿ. ಹಳೆಯ ಓದುಗರಿಗೆ ಆಕೆಯ ಪರಿಚಯ ಬೇಕಿಲ್ಲ; ಹೊಸಬರು ಸ್ವಲ್ಪ ಎಚ್ಚರದಿಂದಿರುವುದು ಒಳಿತು.) ಇಷ್ಟು ವರ್ಷ ಅತ್ತೆ-ಸೊಸೆಯರ ಧಾರಾವಾಹಿಗಳನ್ನು ವ್ರತದಂತೆ ನೋಡಿದವಳು, ತಿಂಗಳ ಹಿಂದೆ ಇದ್ದಕ್ಕಿದ್ದಂತೆ ಯಾವುದೋ ಹೊರದೇಶದ, ಕನ್ನಡಕ್ಕೆ ಡಬ್ ಆದ ಧಾರಾವಾಹಿಗೆ ಹಾರಿದಳು. ಕಾರಣ ಕೇಳಿದೆ.

"ಆ ಸೀರಿಯಲ್‌ನಲ್ಲಿ ನಾಳೆ ಏನಾಗತ್ತೆ ಅಂತ ಇವತ್ತೇ ಗೊತ್ತಾಗತ್ತೆ ಕಣ್ರೀ. ಇದ್ರಲ್ಲಿ ಇವತ್ತು ಏನಾಯ್ತು ಅಂತ ನಾಳೆನೂ ಗೊತ್ತಾಗಲ್ಲ. ಚೆನ್ನಾಗಿದೆ" ಎಂದಳು.

ಕುತೂಹಲದಿಂದ ನಾನೂ ಕುಳಿತೆ. ಮುಂದೆಂದೋ ಬರಲಿರುವ ಒಂದು ಕಾಲ. ಆಕಾಶ ಮುಚ್ಚುವಷ್ಟು ದೊಡ್ಡ ಕಂಪನಿ. ಪ್ರತಿ ಬೆಳಿಗ್ಗೆ ಕೆಲಸಗಾರರು ಹೆಬ್ಬಾಗಿಲಿನಲ್ಲಿರುವ ಒಂದು ಪೆಟ್ಟಿಗೆಗೆ ಬಾಯಿ ಹಚ್ಚಿ ತಮ್ಮ ಹೆಸರನ್ನು ಹೇಳಬೇಕು. ಪೆಟ್ಟಿಗೆ ಅದನ್ನು ನುಂಗುತ್ತದೆ. ಅಷ್ಟೇ, ಸಂಜೆಯವರೆಗೆ ಆ ಹೆಸರು ಹೇಳಿದವನಿಗೇ ನೆನಪಿರುವುದಿಲ್ಲ. ಒಳಗೆ ಅವನು ಬರಿಯ ಒಂದು ಸಂಖ್ಯೆ. ಸಂಜೆ ಹೊರಡುವಾಗ ಪೆಟ್ಟಿಗೆ ಹೆಸರನ್ನು ಹಿಂದಿರುಗಿಸುತ್ತದೆ. ನಾನು ನೋಡಿದ ದಿನ ಪೆಟ್ಟಿಗೆ ಕೆಟ್ಟಿತ್ತು. ಒಬ್ಬರ ಹೆಸರನ್ನು ಇನ್ನೊಬ್ಬರಿಗೆ ಕೊಟ್ಟು ಕಳಿಸಿತು. ಎಲ್ಲರೂ ಬೇರೆಯವರ ಮನೆಗೆ ಹೋದರು. ಊಟ ಮಾಡಿದರು. ಯಾವ ಮನೆಯಿಂದಲೂ ಒಂದು ದೂರು ಬರಲಿಲ್ಲ!

ನಾನು ಗಹಗಹಿಸಿ ನಕ್ಕೆ. "ಎಂಥ ಕಲ್ಪನೆ ಮಾರಾಯ್ತಿ! ತಂದೆ ಕಿವಿಯಲ್ಲಿ ಮೂರು ಸಲ ಹೇಳಿದ ಹೆಸರನ್ನು ಬಾಗಿಲಲ್ಲಿ ಬಿಟ್ಟು ದುಡಿಯೋ ಮೂರ್ಖರು ಲೋಕದಲ್ಲಿ ಎಲ್ಲಾದ್ರೂ ಇರ್ತಾರಾ?"

ಸಾವಿತ್ರಿ ಟಿ.ವಿ.ಯಿಂದ ಕಣ್ಣು ತೆಗೆಯದೆ ಹೇಳಿದಳು: "ಕೊರಳಲ್ಲಿರೋದನ್ನ ತೆಗೆದಿಟ್ಟು ಊಟಕ್ಕೆ ಬನ್ನಿ."

ಕೊರಳು ನೋಡಿಕೊಂಡೆ. ರುದ್ರಾಕ್ಷಿಯ ಪಕ್ಕದಲ್ಲಿ ನೀಲಿ ಟೇಪು. ಟೇಪಿನ ತುದಿಯಲ್ಲಿ ಪ್ಲಾಸ್ಟಿಕ್ ಕಾರ್ಡು. ಕಾರ್ಡಿನಲ್ಲಿ ನನ್ನ ಭಾವಚಿತ್ರ. ಅದರ ಕೆಳಗೆ ದಪ್ಪ ಅಕ್ಷರದಲ್ಲಿ: ಆಚಾರ್ಯ–27.

ಈಗ ತಪ್ಪೊಪ್ಪಿಗೆ. ಪ್ರೌಢಶಾಲೆಯಲ್ಲಿ ಸಂಸ್ಕೃತ ಕಲಿಸಿ ನಿವೃತ್ತನಾದ ಮೇಲೆ, ಪರಿಚಿತರ ಮನೆಗಳಲ್ಲಿ ಪೂಜೆ-ಪುನಸ್ಕಾರ ಮಾಡಿಸಿಕೊಂಡಿದ್ದೆ. ಕ್ರಮೇಣ ಕರೆಯುವವರು ಕಡಿಮೆಯಾದರು. ಭಕ್ತಿ ಕಡಿಮೆಯಾಯಿತೆನ್ನಲಾರೆ, ಮೊಬೈಲಿನ ಗುಂಡಿ ಒತ್ತಿದರೆ ಪುರೋಹಿತರು ಬರುವ ವ್ಯವಸ್ಥೆ ಬಂದಿತು. ಮಂತ್ರವೆಂಬುದು ಹಿತ್ತಾಳೆಯ ಪಾತ್ರೆಯಂತೆ. ಬಳಸದೆ ಇಟ್ಟರೆ ಕಿಲುಬು ಹಿಡಿಯುತ್ತದೆ. ನನ್ನ ನಾಲಗೆಗೆ ಕಿಲುಬು ಹಿಡಿಯುವುದನ್ನು ನೋಡಲಾರದೆ, ಆರು ತಿಂಗಳ ಹಿಂದೆ, ಗಾಂಧಿ ಬಜಾರಿನ ಬಟ್ಟೆ ಅಂಗಡಿಯೊಂದರ ಮೇಲಿನ ಮಹಡಿಯಲ್ಲಿದ್ದ ಅಂಥದೊಂದು ಕಂಪನಿಯ ಮೆಟ್ಟಿಲು ಹತ್ತಿದೆ.

ಟೈ ಕಟ್ಟಿದ ತರುಣರೊಬ್ಬರು ಬರಮಾಡಿಕೊಂಡರು. ಅವರು ಟೀಮ್ ಲೀಡರ್. ಎರಡು ದಿನ ತರಬೇತಿ ಕೊಟ್ಟರು. ಪ್ರೋಕ್ಷಣೆಯ ನೀರು ಸೋಫಾದ ಮೇಲೆ ಬೀಳಬಾರದು. ಧೂಪದ ಹೊಗೆ ಛಾವಣಿಯ ಅಲಾರಂ ಮುಟ್ಟಬಾರದು. ಸಂಕಲ್ಪದಲ್ಲಿ ಒಮ್ಮೆ, ಮಂಗಳಾರತಿಯಲ್ಲಿ ಒಮ್ಮೆ, ಹೊರಡುವಾಗ ಒಮ್ಮೆ ಮುಗುಳ್ನಗಬೇಕು. (ಪಿತೃಕಾರ್ಯಕ್ಕೂ ಇದೇ ನಿಯಮವೇ ಎಂದು ಕೇಳಿದೆ. ಬೆಂಗಳೂರಿಗೆ ಕೇಳಿ ಹೇಳುತ್ತೇನೆ ಎಂದರು.) ಪೂಜೆಯುದ್ದಕ್ಕೂ ಕಂಪನಿಯ ಮೊಬೈಲನ್ನು ಸ್ಟ್ಯಾಂಡಿಗೆ ಸಿಕ್ಕಿಸಿ ವಿಡಿಯೋ ಮಾಡುತ್ತಿರಬೇಕು; ಅದನ್ನು ಬೆಂಗಳೂರಿನಲ್ಲಿ ಒಬ್ಬರು ಕೇಳಿ ಪರೀಕ್ಷಿಸುತ್ತಾರೆ.

ಎಲ್ಲಕ್ಕಿಂತ ಮುಖ್ಯವಾದ ನಿಯಮ ಒಂದು: ಗ್ರಾಹಕರ ಮನೆಯಲ್ಲಿ ನಮ್ಮ ಹೆಸರು ಹೇಳಕೂಡದು. ಪರಿಚಿತರಾದರೂ ಪರಿಚಯ ತೋರಿಸಕೂಡದು.

"ಅದ್ಯಾಕಪ್ಪಾ?" ಎಂದೆ.

"ಗುರುಗಳೇ, ಇವತ್ತು ನಿಮ್ಮ ಹೆಸರು ಗೊತ್ತಾದ್ರೆ ನಾಳೆ ಅವರು ಡೈರೆಕ್ಟಾಗಿ ನಿಮ್ಗೇ ಫೋನ್ ಮಾಡ್ತಾರೆ. ಆಮೇಲೆ ಕಂಪ್ನಿ ಯಾಕೆ ಬೇಕು? ಹೆಸರು ಹೇಳಿದ್ರೆ ಐಡಿ ಬ್ಲಾಕ್. ವಾರ್ನಿಂಗ್ ಗೀರ್ನಿಂಗ್ ಇಲ್ಲ."

ಒಪ್ಪಿದೆ. ಸ್ವಾಮಿ, ಒಪ್ಪಿದ್ದಷ್ಟೇ ಅಲ್ಲ, ಹಿಗ್ಗಿದೆ. ಏಕೆಂದರೆ ಪ್ರತಿ ಪೂಜೆಯ ನಂತರ ಮೊಬೈಲಿನಲ್ಲಿ ನಕ್ಷತ್ರಗಳು ಮೂಡುತ್ತಿದ್ದವು. ಐದಕ್ಕೆ ಐದು! ಮೂವತ್ತೆರಡು ವರ್ಷ ಮಕ್ಕಳಿಗೆ ಅಂಕ ಕೊಟ್ಟವನಿಗೆ ಮೊದಲ ಬಾರಿ ಅಂಕ ಬರತೊಡಗಿದವು. ಸರಾಸರಿ ನಾಲ್ಕು ಪಾಯಿಂಟ್ ಒಂಬತ್ತು. (ಆ ಒಂದು ಬಿಂದುವನ್ನು ಕಸಿದವರು ಹೊಸ ಬಡಾವಣೆಯ ತಾಯಿಯೊಬ್ಬರು. 'ಮಂತ್ರ ಚೆನ್ನಾಗಿತ್ತು, ಮಗು ಎದ್ದುಬಿಟ್ಟಿತು' ಎಂದು ಬರೆದಿದ್ದರು.) ವೈರಾಗ್ಯದ ಮೇಲೆ ಉಪನ್ಯಾಸ ಮಾಡಿ ಬಂದ ಸಂಜೆಯೂ ನಾನು ಕನ್ನಡಕ ಒರೆಸಿಕೊಂಡು ನಕ್ಷತ್ರ ಎಣಿಸುತ್ತಿದ್ದೆ. ಪಂಚಾಂಗದ ನಕ್ಷತ್ರವಲ್ಲ.

ಇನ್ನು ಗುರುವಾರದ ಸಂಗತಿ.

ಭದ್ರಾವತಿಯಲ್ಲಿ ಸತ್ಯನಾರಾಯಣ ಪೂಜೆ. ಗ್ರಾಹಕರ ಹೆಸರೂ ನಮಗೆ ಮುಂಚಿತವಾಗಿ ತಿಳಿಯದು. ಮನೆಯ ವಿಳಾಸ, ಒಂದು ಸಂಖ್ಯೆ, ಪ್ಯಾಕೇಜಿನ ಹೆಸರು, ಇಷ್ಟೇ. ಇದು 'ಸಿಲ್ವರ್' ಪ್ಯಾಕೇಜು. ಎಂದರೆ ನಲವತ್ತೈದು ನಿಮಿಷ. ವ್ರತಕಥೆಗೆ ಐದು ಅಧ್ಯಾಯಗಳಿರುವುದು ನಿಮಗೆ ತಿಳಿದೇ ಇದೆ. ಸಿಲ್ವರ್‌ನಲ್ಲಿ ನಾಲ್ಕನೆಯದು ಇಲ್ಲ. ಆ ಅಧ್ಯಾಯದಲ್ಲಿಯೇ ಸೆರೆಯಿಂದ ಬಿಡುಗಡೆಯಾದ ವರ್ತಕ ಊರಿಗೆ ಮರಳುವುದು. ಹೀಗಾಗಿ ನಮ್ಮ ಕಂಪನಿಯ ಕಥೆಯಲ್ಲಿ ಪಾಪ, ಅವನು ಸೆರೆಮನೆಯ ಬಾಗಿಲಿನಿಂದ ಹೊರಟವನು ಮನೆ ಸೇರುವುದೇ ಇಲ್ಲ. ಮನೆ ಸೇರಬೇಕಾದರೆ 'ಗೋಲ್ಡ್' ಬುಕ್ ಮಾಡಬೇಕು.

ಮೊದಮೊದಲು ಮನಸ್ಸು ಕುಟುಕುತ್ತಿತ್ತು. ಆಮೇಲೆ ಅಭ್ಯಾಸವಾಯಿತು. ಅಭ್ಯಾಸವಾಗದ್ದು ಯಾವುದಿದೆ?

ಕಾರ್ಖಾನೆಯ ಕಡೆಯ ಹಳೆಯ ಕ್ವಾರ್ಟರ್ಸಿನ ಸಾಲಿನಲ್ಲಿ ಅಚ್ಚುಕಟ್ಟಾದ ಮನೆ. ಬಾಗಿಲು ತೆರೆದವಳು ಗಾಯತ್ರಿ ಎಂಬ ಗೃಹಿಣಿ. ಪಕ್ಕದಲ್ಲಿ ಶಲ್ಯ ಜಾರುತ್ತಿದ್ದ ಪತಿ ಶ್ರೀಧರ. ಆತನಿಗೆ ಹನ್ನೆರಡಕ್ಕೆ ಡ್ಯೂಟಿಯಂತೆ. ಕಣ್ಣು ಗಡಿಯಾರದ ಮೇಲೆಯೇ. ನಾನು ಸ್ಟ್ಯಾಂಡು ನಿಲ್ಲಿಸಿದೆ, ಮೊಬೈಲು ಸಿಕ್ಕಿಸಿದೆ, ನಿಯಮದಂತೆ ಮುಗುಳ್ನಕ್ಕೆ, ಪೂಜೆ ಆರಂಭಿಸಿದೆ. ಎಲ್ಲವೂ ಸುಗಮ. ಕಥೆಯ ಮೂರನೆಯ ಅಧ್ಯಾಯ ಮುಗಿಸಿ, ಉಸಿರು ತೆಗೆದುಕೊಳ್ಳದೆ ಐದನೆಯದಕ್ಕೆ ಕೈ ಹಾಕಿದೆ.

ಟಕ್. ಟಕ್. ಟಕ್.

ಒಳಕೋಣೆಯಿಂದ, ಪರದೆಯ ಆಚೆಯಿಂದ ಬಂದ ಸದ್ದು. ಮರದ ಮೇಲೆ ಲೋಹ ಬಡಿದ ಸದ್ದು.

ನನ್ನ ನಾಲಗೆ ತಾನಾಗಿ ನಿಂತಿತು.

ಈ ಸದ್ದನ್ನು ನಾನು ಬಲ್ಲೆ. ಶಿವಮೊಗ್ಗೆಯ ಪಾಠಶಾಲೆಯಲ್ಲಿ ಎಂಟು ವರ್ಷ ಕೇಳಿದ್ದೇನೆ. ಗುರುಗಳಾದ ಶಂಕರನಾರಾಯಣ ಶಾಸ್ತ್ರಿಗಳು ಮಣೆಯ ಮೇಲೆ ಕಣ್ಣು ಮುಚ್ಚಿ ಕುಳಿತಿರುತ್ತಿದ್ದರು. ಯಾವನಾದರೂ ಒಂದು ಸಾಲು ಹಾರಿಸಿದರೆ ಬೆರಳಿನ ತಾಮ್ರದ ಉಂಗುರದಿಂದ ಮಣೆಯನ್ನು ಮೂರು ಬಾರಿ ಬಡಿಯುತ್ತಿದ್ದರು. ಬೈಗುಳ ಆಮೇಲೆ. ಅವರು ಊರು ಬಿಟ್ಟು ಮಗಳ ಮನೆಗೆ ಹೋಗಿ ಮೂವತ್ತು ವರ್ಷ ಕಳೆದಿರಬೇಕು. ಈಗ ಇದ್ದಾರೋ ಇಲ್ಲವೋ ಎಂದು ಯಾರನ್ನಾದರೂ ಕೇಳಲು ಧೈರ್ಯ ಸಾಲದೆ ನಾನು ಸುಮ್ಮನಿದ್ದೆ.

ಪರದೆ ಸರಿಸಿ ನೋಡಿದೆ. ಮಂಚದ ಮೇಲೆ ಅವರೇ. ದೇಹ ಕರಗಿದೆ, ಕಣ್ಣುಗಳಲ್ಲಿ ಪೊರೆ. ಉಂಗುರ ಮಾತ್ರ ಅದೇ.

"ಮೂರಾದ್ಮೇಲೆ ಐದು ಬರತ್ತೇನೋ? ನಿನಗೆ ಎಣಿಕೆ ಕಲಿಸಿದೋರು ಯಾರು?" ಎಂದರು.

"ಸಿಲ್ವರ್ ಬುಕ್ ಮಾಡಿದ್ದು ನಾನೇ ತಾತ" ಎಂದು ಶ್ರೀಧರ ತಪ್ಪಿತಸ್ಥನಂತೆ ಹೇಳಿದ. ಗಾಯತ್ರಿ ಶಾಸ್ತ್ರಿಗಳ ಮಗಳ ಮಗಳು ಎಂದು ಆಗ ತಿಳಿಯಿತು.

"ಕಂಠ ಎಲ್ಲೋ ಕೇಳಿದ ಹಾಗಿದೆ. ಯಾರಪ್ಪಾ ನೀನು?"

ಹಿಂದಿನಿಂದ ಮೊಬೈಲಿನ ಕೆಂಪು ಚುಕ್ಕೆ ಮಿನುಗುತ್ತಿತ್ತು. ಹೆಸರು ಹೇಳಿದರೆ ಇವತ್ತಿಗೆ ಕೆಲಸ ಮುಗಿಯಿತು. ನಾಳೆಯಿಂದ ಯಾವ ಮನೆಯ ಬಾಗಿಲೂ ನನಗೆ ತೆರೆಯದು. ಹೇಳದಿದ್ದರೆ? ಈ ಕಣ್ಣುಗಳಿಗೆ ಮುಖ ಕಾಣದು. ಹೆಸರೊಂದೇ ಉಳಿದಿರುವ ದಾರಿ.

ಹೇಡಿಯ ಬಾಯಿಂದ ಹೇಡಿಯ ಮಾತು ಬಂದಿತು. "ಆಚಾರ್ಯ ಇಪ್ಪತ್ತೇಳು."

"ಏನಂದೆ?"

"ಇಪ್ಪತ್ತೇಳು."

ಗುರುಗಳು ಬೆರಳು ಮಡಿಸಿ ಎಣಿಸಿದರು. "ಇಪ್ಪತ್ತೇಳನೇ ಮಗನಾ ನೀನು? ನಿಮ್ಮಪ್ಪನಿಗೆ ಬೇರೆ ಉದ್ಯೋಗ ಇರಲಿಲ್ವಾ?"

ಶ್ರೀಧರನ ಶಲ್ಯ ಪೂರ್ತಿ ಜಾರಿತು. ಗಾಯತ್ರಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನನ್ನ ರಕ್ಷಣೆಗೆ ಬಂದಳು. "ತಾತ, ಅವ್ರು ಹೆಸರು ಹೇಳೋ ಹಾಗಿಲ್ಲ. ಅವರ ಕಂಪ್ನಿ ರೂಲು."

"ಹೆಸರು ಹೇಳ್ದೆ ಮನೆಗೆ ಬಂದು ಹೋಗೋದು ಕಳ್ಳರು ಮಾತ್ರ. ಯಾವ ಕಂಪ್ನಿ ಅದು, ಕಳ್ಳರದ್ದಾ?"

ಉಪಾಯವೊಂದು ಹೊಳೆಯಿತು. ಗುರುಗಳಿಗೆ ಅಭಿವಾದನ ಮಾಡಿಬಿಟ್ಟರೆ? ಅಭಿವಾದನ ಎಂದರೆ ಬರಿಯ ನಮಸ್ಕಾರವಲ್ಲ. ಎರಡೂ ಕಿವಿಗಳನ್ನು ಕೈಯಿಂದ ಮುಚ್ಚಿ, ತನ್ನ ಕುಲದ ಋಷಿಗಳನ್ನು ಹೇಳಿ, ಗೋತ್ರ ಹೇಳಿ, ಸೂತ್ರ ಹೇಳಿ, ಓದಿದ ವೇದಶಾಖೆ ಹೇಳಿ, ಕೊನೆಯಲ್ಲಿ ಹೆಸರು ಹೇಳಿ ಪಾದ ಮುಟ್ಟಬೇಕು. ಈ ಒಕ್ಕಣೆಗೆ ಪ್ರವರವೆಂದು ಹೆಸರು. ಕಂಪನಿ ನಿಷೇಧಿಸಿರುವುದು ಹೆಸರನ್ನು ಮಾತ್ರ. ಋಷಿಗಳನ್ನಲ್ಲ, ಗೋತ್ರವನ್ನಲ್ಲ. ಅಷ್ಟರಲ್ಲಿಯೇ ಅವರು ಗುರುತು ಹಿಡಿದರೆ ಕೆಲಸ, ಗುರುತು ಎರಡೂ ಉಳಿಯುತ್ತವೆಯಲ್ಲವೇ? (ಧರ್ಮಶಾಸ್ತ್ರ ಓದಿದವನಿಗೆ ತಪ್ಪಿಸಿಕೊಳ್ಳುವ ಸಂದು ಬೇಗ ಕಾಣುತ್ತದೆ.)

ಕಿವಿ ಮುಚ್ಚಿದೆ. ಧ್ವನಿಯೆತ್ತಿ ಆರಂಭಿಸಿದೆ. ಕಾಶ್ಯಪ, ಅವತ್ಸಾರ, ನೈಧ್ರುವರೆಂಬ ಮೂವರು ಋಷಿಗಳು ಬಂದರು. ಕಾಶ್ಯಪ ಗೋತ್ರ ಬಂದಿತು. ಆಪಸ್ತಂಬ ಸೂತ್ರ, ಯಜುಶ್ಶಾಖೆ ಬಂದವು. ಅಲ್ಲಿಗೆ ನಿಲ್ಲಿಸಬೇಕೆಂದಿದ್ದೆ. ಆದರೆ ಅರವತ್ತು ವರ್ಷಗಳ ರೂಢಿ ಬಿಡುತ್ತದೆಯೇ? ಓಡುವ ಬಂಡಿಯಂತೆ ನಾಲಗೆ ಮುಂದುವರಿಯಿತು. ಹೆಸರಿನ ಜಾಗದಲ್ಲಿ ಏನನ್ನಾದರೂ ಇಡಲೇಬೇಕಾಯಿತು.

"...ಇಪ್ಪತ್ತೇಳು ಶರ್ಮಾ ಅಹಂ ಭೋ ಅಭಿವಾದಯೇ!"

ಸಪ್ತರ್ಷಿಗಳೂ ಎಲ್ಲಿಯೋ ತಲೆ ತಗ್ಗಿಸಿರಬೇಕು.

ಗುರುಗಳು ಪಾದವನ್ನು ಹಿಂದಕ್ಕೆಳೆದುಕೊಂಡರು. ನಗಲಿಲ್ಲ. ಬೈಯಲೂ ಇಲ್ಲ. ಹತ್ತು ವರ್ಷದ ಹುಡುಗನಿಗೆ ಹೇಳುತ್ತಿದ್ದ ಅದೇ ಧ್ವನಿಯಲ್ಲಿ ಹೇಳಿದರು: "ಏಳು. ಮತ್ತೊಂದ್ಸಲ. ಪೂರ್ತಿ ಹೇಳು."

ಎದ್ದೆ. ಕೊರಳಿನ ಕಾರ್ಡು ರುದ್ರಾಕ್ಷಿಗೆ ಸಿಕ್ಕಿಕೊಂಡಿತ್ತು, ಬಿಡಿಸಿ ತೆಗೆದಿಟ್ಟೆ. ಮತ್ತೆ ಕಿವಿ ಮುಚ್ಚಿದೆ. ಋಷಿಗಳು, ಗೋತ್ರ, ಸೂತ್ರ, ಶಾಖೆ. ಆಮೇಲೆ, ಬೀದಿಗೂ ಕೇಳುವಂತೆ: "ವೆಂಕಟಸುಬ್ಬ ಶರ್ಮಾ ಅಹಂ ಭೋ ಅಭಿವಾದಯೇ."

ಗುರುಗಳ ಕೈ ನನ್ನ ತಲೆಯನ್ನು ಹುಡುಕಿತು. ಸಿಕ್ಕಿತು. ಶಿಷ್ಯನ ಹೆಸರಿನ ಕೊನೆಯ ಸ್ವರವನ್ನು ಎಳೆದು ಹರಸುವುದು ಹಿಂದಿನ ಕ್ರಮ. ದೀರ್ಘಾಯುವಾಗೆಂದು ಹರಸಿ, ನನ್ನ ಹೆಸರನ್ನು ಅವರು ಎಳೆದ ಎಳೆತ ಎಷ್ಟು ದೀರ್ಘವಾಗಿತ್ತೆಂದರೆ, ಆ ಉಸಿರು ಎಲ್ಲಿಂದ ಬಂದಿತೋ ಎಂದು ಗಾಯತ್ರಿ ಗಾಬರಿಯಾದಳು.

"ಸುಬ್ಬೂ... ಬಾಡಿಗೆ ಸೈಕಲ್ ಕೆರೆಗೆ ಬೀಳಿಸಿದ ಸುಬ್ಬು ಅಲ್ವೇನೋ ನೀನು?"

"ಹೌದು ಗುರುಗಳೇ."

"ಹಾಗಾದ್ರೆ ನಿನಗೆ ನಾಲ್ಕನೇ ಅಧ್ಯಾಯ ಬರತ್ತೆ. ನಾನೇ ಹೇಳಿಕೊಟ್ಟಿದೀನಿ. ಓದು. ಆ ವರ್ತಕ ಮನೆಗೆ ಹೋಗ್ಬೇಕೋ ಬೇಡ್ವೋ?"

ಓದಿದೆ. ಗುರುಗಳು ಎದ್ದು ಕುಳಿತು ಕೇಳಿದರು. ಎದ್ದು ಕುಳಿತು ವಾರಗಳೇ ಆಗಿದ್ದವಂತೆ. ಶ್ರೀಧರ ತನ್ನ ಆಫೀಸಿಗೆ ಫೋನ್ ಮಾಡಿ, ಬರುವುದು ತಡವಾಗುತ್ತದೆ ಎಂದು ಪಿಸುಗುಟ್ಟಿ ಬಂದು ಶ್ರದ್ಧೆಯಿಂದ ಕೈಮುಗಿದ. ವರ್ತಕನ ದೋಣಿ ದಡ ಸೇರುವ ಹೊತ್ತಿಗೆ ಸರಿಯಾಗಿ ಸ್ಟ್ಯಾಂಡಿನ ಮೊಬೈಲು ಬೊಬ್ಬಿಟ್ಟಿತು. ಗಾಯತ್ರಿ ಯಾವ ಗುಂಡಿ ಒತ್ತಿದಳೋ, ಧ್ವನಿ ಮನೆಯೆಲ್ಲ ಮೊಳಗಿತು.

"ಆಚಾರ್ಯ ಟ್ವೆಂಟಿ ಸೆವೆನ್, ಟೈಮ್ ಮುಗಿದು ಹದಿನೆಂಟು ನಿಮಿಷ ಆಯ್ತು. ಮಧ್ಯಾಹ್ನ ಮಲವಗೊಪ್ಪದಲ್ಲಿ ಇನ್ನೊಂದು ಬುಕಿಂಗ್ ಇದೆ. ಹೊರಟ್ರಾ?"

ನಾನು ಬಾಯಿ ತೆರೆಯುವ ಮೊದಲೇ ಗುರುಗಳು ಕೇಳಿದರು: "ಯಾರದು?"

"ಟೀಮ್ ಲೀಡರ್ ಸಾರ್."

"ಅದು ಉದ್ಯೋಗ. ಹೆಸರು?"

ಆಚೆಯಿಂದ ಸಣ್ಣ ಧ್ವನಿಯಲ್ಲಿ: "...ಪ್ರಮೋದ."

"ಯಾವೂರು? ಯಾರ ಮನೆಯೋನು?"

"ಹೊಳಲೂರು ಸಾರ್. ಗಂಗಾಧರಪ್ಪನ ಮೊಮ್ಮಗ."

"ಯಾರು, ನಮ್ಮ ಪಾಠಶಾಲೆ ಹರಿಕಥೆಗೆ ಬಂದು ಮೊದಲ್ನೇ ಸಾಲಲ್ಲಿ ಕೂತು ನಿದ್ದೆ ಹೊಡೀತಿದ್ನಲ್ಲ, ಆ ಗಂಗಾಧರಪ್ಪನಾ?"

"ಹೌದು ಅಜ್ಜಾರೇ!" ಟೀಮ್ ಲೀಡರನ ಧ್ವನಿಯಿಂದ ಟೈ ಕಳಚಿ ಬಿದ್ದಿತು. "ಈಗ್ಲೂ ಹಂಗೇ ಮಾಡ್ತಾರೆ!" ಎಂದವರು ತಟಕ್ಕನೆ ಪಿಸುಮಾತಿಗಿಳಿದರು. "ಅಜ್ಜಾರೇ, ಈ ಕಾಲ್ ರೆಕಾರ್ಡ್ ಆಗ್ತಿದೆ. ನಾನು ಹೆಸರು ಹೇಳಿದ್ದು ಯಾರಿಗೂ ಹೇಳ್ಬೇಡಿ. ಮಲವಗೊಪ್ಪಕ್ಕೆ ಬೇರೆಯೋರನ್ನ ಕಳಿಸ್ತೀನಿ, ನೀವು ಕಥೆ ಮುಗಿಸ್ಕೊಳ್ಳಿ."

ಆರು ತಿಂಗಳಿನಿಂದ ಅವರನ್ನು ಟೀಮ್ ಲೀಡರ್ ಎಂದೇ ಕರೆದಿದ್ದೆ. ಹೆಸರು ಕೇಳಬೇಕೆಂದು ನನಗೂ ತೋಚಿರಲಿಲ್ಲ. ಕಂಪನಿಯನ್ನೊಂದೇ ದೂರುವುದು ಹೇಗೆ? (ಇಲ್ಲಿ ಅವರ ಹೆಸರನ್ನು ಅನುಮತಿ ಪಡೆದೇ ಬರೆದಿದ್ದೇನೆ. "ಬರೀರಿ ಗುರುಗಳೇ, ನಮ್ಮೂರಿನ ಪೇಪರ್ ಬೆಂಗ್ಳೂರಲ್ಲಿ ಯಾರು ಓದ್ತಾರೆ" ಎಂದರು.)

ಮರುದಿನ ಬೆಳಿಗ್ಗೆ ಮೊಬೈಲಿಗೆ ಸಂದೇಶ ಬಂದಿತು: 'ಪ್ರಿಯ ಆಚಾರ್ಯ–27, ನಿಮ್ಮ ಗುರುತನ್ನು ನಿಷ್ಕ್ರಿಯಗೊಳಿಸಲಾಗಿದೆ. ನಮ್ಮೊಡನೆ ಕಳೆದ ಸಮಯ ನಿಮಗೆ ಆನಂದ ತಂದಿದೆಯೆಂದು ಭಾವಿಸುತ್ತೇವೆ.' ನಾನು ಓದಿ ಹೇಳಿದಾಗ ಸಾವಿತ್ರಿ ದೋಸೆ ಮಗುಚುತ್ತಿದ್ದಳು. "ಗುರುತು ಹೋದ್ರೂ ಹಸಿವು ಇರತ್ತಲ್ಲ, ಕೂತ್ಕೊಳ್ಳಿ" ಎಂದಳು.

ಕಾರ್ಡು, ಸ್ಟ್ಯಾಂಡು, ನೀಲಿ ಟೇಪುಗಳನ್ನು ಹಿಂದಿರುಗಿಸಲು ಗಾಂಧಿ ಬಜಾರಿಗೆ ಹೋದೆ. ಪ್ರಮೋದ ತಲೆ ತಗ್ಗಿಸಿ ತೆಗೆದುಕೊಂಡರು. ಗಾಯತ್ರಿ ಐದು ನಕ್ಷತ್ರ ಕೊಟ್ಟು, ತಾತ ಎದ್ದು ಕುಳಿತ ಸಂಗತಿಯನ್ನು ಉದ್ದಕ್ಕೆ ಬರೆದಿದ್ದಾಳೆಂದು ತೋರಿಸಿದರು.

"ಈಗ ಆ ನಕ್ಷತ್ರಗಳು ಏನಾಗ್ತವಪ್ಪಾ?" ಎಂದು ಕೇಳಿದೆ. ಇಷ್ಟಾದರೂ ಕೇಳಿದೆ, ನೋಡಿ.

ಪ್ರಮೋದ ಸಂಕೋಚದಿಂದ ಹೇಳಿದರು: "ಅವು ನಂಬರಿನ ಹೆಸರಲ್ಲಿರ್ತವೆ ಗುರುಗಳೇ. ಸೋಮವಾರದಿಂದ ಹೊಸಬರೊಬ್ರು ಬರ್ತಾರೆ. ಇಪ್ಪತ್ತೇಳು ಅವರಿಗೇ. ಸ್ಟಾರ್ ಎಲ್ಲ ಹಂಗೇ ಮುಂದುವರಿಯತ್ತೆ."

ಮೆಟ್ಟಿಲು ಇಳಿಯುವಾಗ ನನಗೆ ಅರ್ಥವಾಯಿತು. ಅಷ್ಟೂ ದಿನ ಮೆಚ್ಚುಗೆ ಬರುತ್ತಿದ್ದುದು ನನಗಲ್ಲ. ನಾನು ಆ ಸಂಖ್ಯೆಯೊಳಗೆ ಸ್ವಲ್ಪ ಕಾಲ ಬಾಡಿಗೆಗಿದ್ದೆ, ಅಷ್ಟೆ. ಮನೆಯೊಡೆಯನಿಗೆ ಬಾಡಿಗೆದಾರ ಬದಲಾದರೆ ನಷ್ಟವೇನು?

ಈಗ ಗುರುವಾರಗಳಂದು ಭದ್ರಾವತಿಯ ಬಸ್ಸು ಹತ್ತುತ್ತೇನೆ. ಗುರುಗಳು ಮೊದಲಿನಿಂದ ಪಾಠ ಆರಂಭಿಸಿದ್ದಾರೆ. ಉಂಗುರದ ಪೆಟ್ಟು ಗಂಟೆಗೆ ಹತ್ತಕ್ಕೆ ಕಡಿಮೆಯಿಲ್ಲ. ನಕ್ಷತ್ರ ಒಂದೂ ಬಂದಿಲ್ಲ. ನಾಲಗೆಯ ಕಿಲುಬು ಬಿಡುತ್ತಿದೆ.

ಇದರಲ್ಲಿ ಭಾಗಿಯಾದ ಎಲ್ಲರಿಗೂ ಒಳಿತಾಗಲಿ. ಗುರುಗಳ ಕಿವಿ ನೂರರವರೆಗೆ ಹೀಗೆಯೇ ಚುರುಕಾಗಿರಲಿ. ಗಾಯತ್ರಿಯ ಮನೆಯಲ್ಲಿ ಪ್ರಸಾದ ತೀರದಿರಲಿ. ಶ್ರೀಧರನ ಮೇಲಧಿಕಾರಿಗೆ ಕ್ಷಮಾಗುಣ ಬರಲಿ. ಪ್ರಮೋದರಿಗೆ ಅಜ್ಜನಂತೆ ನಿಶ್ಚಿಂತೆಯ ನಿದ್ದೆ ಬರಲಿ. ಸಾವಿತ್ರಿಯ ಧಾರಾವಾಹಿ ಅವಳಿಗೆ ಎಂದೂ ಅರ್ಥವಾಗದಿರಲಿ. ಬೆಂಗಳೂರಿನಲ್ಲಿ ಕುಳಿತು ನನ್ನ ಪ್ರವರವನ್ನು ಆಲಿಸಿದ ಆ ಅಜ್ಞಾತ ಪರೀಕ್ಷಕನಿಗೂ ಋಷಿಗಳ ಹೆಸರು ಕಿವಿಗೆ ಬಿದ್ದ ಪುಣ್ಯ ಸಲ್ಲಲಿ.

ಹೊಸ ಇಪ್ಪತ್ತೇಳು ಯಾರೋ, ಯಾವ ಊರಿನವರೋ ನಾನರಿಯೆ, ಅವರಿಗೂ ಶುಭವಾಗಲಿ. ಇಂದೋ ನಾಳೆಯೋ ಅವರು ನಿಮ್ಮ ಮನೆಗೇ ಬಂದಾರು. ಬಂದರೆ, ಆ ಮೊಬೈಲಿನ ಮೇಲೊಂದು ವಸ್ತ್ರ ಹೊದಿಸಿ, ಕುಡಿಯಲು ನೀರು ಕೊಟ್ಟು, ಹೆಸರೇನೆಂದು ಕೇಳುತ್ತೀರಾ?